ಓಟ್ಸ್ ಬಾರ್ ಕೆಟ್ರೆ ಓವನ್ ಬಿಚ್ಚೋಕೆ ಮುಂಚೆ ಪಾಕ ನೋಡಿ

ಓಟ್ಸ್ ಬಾರ್ ಅಂದ್ರೆ ಏನ್ ಮಹಾ, ಓಟ್ಸು ಬೆಣ್ಣೆ ಬೆಲ್ಲ ಕಲಸಿ ಟ್ರೇಗೆ ಒತ್ತಿ ಬೇಯ್ಸೋದು ಅಷ್ಟೇ ತಾನೆ ಅಂತ ಎಲ್ರೂ ಶುರು ಮಾಡ್ತಾರೆ, ಚೆನ್ನಾಗಿ ಬಂದ್ರೆ ಸರಿ, ಕೆಟ್ರೆ ಮಾತ್ರ ಯಾಕ್ ಕೆಡ್ತು ಅಂತ ತಲೆಬುಡ ಗೊತ್ತಾಗಲ್ಲ. ನಾನು ಮೈಸೂರಿನ ಕುವೆಂಪುನಗರದಲ್ಲಿ ಒಂದು ಚಿಕ್ಕ ಓಟಿಜಿ, ಅಂದ್ರೆ ಓವನ್ ಟೋಸ್ಟರ್ ಗ್ರಿಲ್, ಇಟ್ಕೊಂಡು ಮಗಳ ಸ್ಕೂಲ್ ಡಬ್ಬಿಗೆ ಅಂತ ವಾರಕ್ಕೊಂದು ಟ್ರೇ ಮಾಡ್ತೀನಿ. ಶುರುವಲ್ಲಿ ಮೂರ್ನಾಕು ಟ್ರೇ ಸಾಲಾಗಿ ಪುಡಿಪುಡಿ ಆಯ್ತು, ಓವನ್ನೇ ಸರಿಯಾಗಿ ಕಾಯ್ತಿಲ್ಲ ಅಂತ ರಿಪೇರಿಯವ್ರಿಗೆ ಫೋನ್ ಮಾಡೋಕೆ ಕೂತಿದ್ದೆ, ಅಷ್ಟರಲ್ಲಿ ಮಂಡ್ಯದಿಂದ ಅವ್ವ ಬಂದ್ಲು. ಟ್ರೇಲಿದ್ದ ಪುಡೀನ ಬೆರಳಲ್ಲಿ ಹಿಸುಕಿ ನೋಡಿ, "ಇದು ತಂಬಿಟ್ಟು ಕೆಟ್ಟಂಗೇ ಕೆಟ್ಟದೆ ಕಣ್ಮಗ, ಪಾಕ ನೀರಾಗದೆ, ಒಲೆ ಏನ್ ಮಾಡೀತು" ಅಂದ್ಲು. ಆಮೇಲೆ ಅವ್ಳೇ ಪಾಕ ಹಿಡಿದ್ಲು, ಅದೇ ಓವನ್, ಅದೇ ಟ್ರೇ, ಬಾರು ಚಾಕುಗೆ ಚಂದಾಗಿ ಕುಯ್ದು ಬಂತು.

ಅವತ್ತಿಂದ ನಾನು ಯಾರಾದ್ರೂ ಬಾರ್ ಕೆಡ್ತು ಅಂದ್ರೆ ಮೊದ್ಲು ಪಾಕ ಕೇಳ್ತೀನಿ, ಆಮೇಲೆ ಎಷ್ಟೊತ್ತು ಆರಿಸಿದ್ರಿ ಅಂತ ಕೇಳ್ತೀನಿ, ಓವನ್ ವಿಷ್ಯಕ್ಕೆ ಬರೋದು ಕೊನೇಲಿ. ಕೆಳಗೆ ಬರ್ದಿರೋದೂ ಅದೇ ಲೆಕ್ಕದಲ್ಲಿದೆ, ದುಡ್ಡು ಖರ್ಚಿಲ್ಲದ್ದು ಮೊದ್ಲು, ಸ್ಕ್ರೂಡ್ರೈವರ್ ಬೇಕಾಗಿದ್ದು ಆಮೇಲೆ. ಒಂದೇ ಒಂದು ಕಂಡೀಷನ್ನು, ಒಂದು ಟ್ರೇಗೆ ಒಂದೇ ಬದಲಾವಣೆ ಮಾಡಿ. ಬೆಲ್ಲಾನೂ ಬದಲಾಯ್ಸಿ ಟೈಮೂ ಜಾಸ್ತಿ ಮಾಡಿ ಟ್ರೇನೂ ಬೇರೆ ಇಟ್ರೆ ಸರಿಹೋಗಿದ್ದು ಯಾವುದ್ರಿಂದ ಅಂತ ಯಾವತ್ತೂ ಗೊತ್ತಾಗಲ್ಲ. ನಾನು ಅಡುಗೆಮನೆ ಕ್ಯಾಲೆಂಡರ್ ಮೇಲೇ ಗೀಚಿಡ್ತೀನಿ.

ಹೋಲ್ಸಿ ನೋಡೋಕೆ ಒಂದು ಅಳತೆ

ನಿಮ್ದು ಯಾವ ರೆಸಿಪಿನಾದ್ರೂ ಆಗ್ಲಿ, ತಪ್ಪು ಹುಡುಕೋಕೆ ಒಂದು ಗಟ್ಟಿ ಅಳತೆ ಬೇಕು, ನಂದು ಇದು. 8 ಇಂಚಿನ ಚೌಕದ ಟ್ರೇಗೆ 200 ಗ್ರಾಂ ರೋಲ್ಡ್ ಓಟ್ಸು, 120 ಗ್ರಾಂ ಬೆಲ್ಲ, 100 ಗ್ರಾಂ ಬೆಣ್ಣೆ, ಎರಡು ಟೇಬಲ್ ಚಮಚ ಜೇನುತುಪ್ಪ, ಚಿಟಿಕೆ ಉಪ್ಪು, ಬೇಕಾದ್ರೆ ಒಂದು ಹಿಡಿ ಹುರಿದ ಕಡ್ಲೆಬೀಜ. 160 ಡಿಗ್ರಿ, ನಡುವಿನ ಜಾಲರಿ, 22 ರಿಂದ 25 ನಿಮಿಷ. ಇಂಗ್ಲೆಂಡ್‌ನಲ್ಲಿ ಇದನ್ನ ಫ್ಲಾಪ್‌ಜಾಕ್ ಅಂತಾರೆ, ಅವ್ರು ಬೆಲ್ಲ ಜೇನು ಹಾಕಲ್ಲ, ಕಂದು ಸಕ್ಕರೆ ಮತ್ತೆ ಗೋಲ್ಡನ್ ಸಿರಪ್ ಅನ್ನೋ ಸಕ್ಕರೆಯ ಗಟ್ಟಿ ಪಾಕ ಹಾಕ್ತಾರೆ, ಅಲ್ಲಿನ ರೆಸಿಪೀನ ಹಂಗೇ ಇಲ್ಲಿ ಬೆಲ್ಲಕ್ಕೆ ಇಳ್ಸೋಕೆ ಹೋದಾಗ್ಲೇ ಅರ್ಧ ತೊಂದ್ರೆ ಶುರುವಾಗೋದು.

ಓಟ್ಸ್ ಪ್ಯಾಕೆಟ್ ಒಂದ್ಸಲ ತಿರುಗ್ಸಿ ನೋಡಿ. ಇನ್‌ಸ್ಟಂಟ್ ಓಟ್ಸ್ ಅಂದ್ರೆ ತೆಳ್ಳಗೆ ಪುಡಿಯಾಗಿರೋದು, ಅದ್ರಲ್ಲಿ ಬಾರ್ ಹಿಟ್ಟಿಟ್ಟಾಗಿ ಬರತ್ತೆ. ಸ್ಟೀಲ್ ಕಟ್ ಓಟ್ಸು ನುಚ್ಚಿನ ಥರ ಇರತ್ತೆ, ಇಷ್ಟು ಟೈಮಲ್ಲಿ ಬೇಯಲ್ಲ, ಹಲ್ಲಿಗೆ ಕಲ್ಲು ಸಿಕ್ಕಂಗೆ ಆಗತ್ತೆ. ಮಸಾಲೆ ಓಟ್ಸ್ ಅಂತೂ ಬೇಡ್ವೇ ಬೇಡ.

ಕುಯ್ದಾಗ ಪುಡಿಪುಡಿ ಆಗ್ತಿದೆ

ಎಲ್ಲಕ್ಕಿಂತ ಜಾಸ್ತಿ ಬರೋ ಕಂಪ್ಲೇಂಟ್ ಇದೇ, ಹಂಗಾಗಿ ಇದನ್ನ ನಿಧಾನವಾಗಿ ನೋಡೋಣ.

ಮೊದ್ಲು ಕೇಳ್ಕೊಬೇಕಾಗಿದ್ದು, ಬಿಸಿ ಇದ್ದಾಗ್ಲೇ ಕುಯ್ದ್ರಾ? ಓವನ್‌ನಿಂದ ಈಚೆ ತೆಗ್ದಾಗ ಬಾರು ಮೆತ್ತಗೇ ಇರ್ಬೇಕು, ಅಂಚು ಕೆಂಪಗಾಗಿ ನಡುವೆ ಬೆರಳಿಟ್ರೆ ಒಳಗೆ ಹೋಗೋ ಥರ ಇದ್ರೆ ಅದು ಬೆಂದಿದೆ ಅಂತ ಅರ್ಥ. ಗಟ್ಟಿಯಾಗೋದು ಆರುವಾಗ, ಬೆಲ್ಲದ ಪಾಕ ತಣ್ಣಗಾಗಿ ಓಟ್ಸನ್ನ ಹಿಡ್ಕೊಳ್ಳತ್ತೆ. ಹತ್ತು ನಿಮಿಷ ಬಿಟ್ಟು ಚಾಕುವಲ್ಲಿ ಗೆರೆ ಮಾತ್ರ ಹಾಕಿ, ಟ್ರೇಲೇ ಎರಡು ಗಂಟೆ ಬಿಡಿ, ಆಮೇಲೆ ಗೆರೆ ಮೇಲೇ ಕುಯ್ಯಿರಿ. ಮಕ್ಕಳು ಸುತ್ತ ನಿಂತ್ಕೊಂಡು ಕೊಡು ಕೊಡು ಅಂದಾಗ ಎರಡು ಗಂಟೆ ಕಾಯೋದು ಕಷ್ಟ ನಿಜ, ಒಂದು ಅಂಚು ಕೊಟ್ಟು ಕಳ್ಸಿ, ಉಳಿದಿದ್ದು ಮುಟ್ಬೇಡಿ. ಚಾಕುನ ಹಿಂದೆಮುಂದೆ ಗರಗಸದ ಥರ ಎಳೀಬೇಡಿ, ನೆಟ್ಟಗೆ ಮೇಲಿಂದ ಒತ್ತಿ.

ಕಾದ್ರೂ ಪುಡಿಯಾಗತ್ತೆ ಅಂದ್ರೆ ಒಂದು ತುಂಡು ಮುರಿದು ಮುರಿದ ಜಾಗ ಬೆಳಕಿಗೆ ಹಿಡೀರಿ. ಓಟ್ಸ್ ನಡುವೆ ಸಣ್ಣಸಣ್ಣ ತೂತು ಕಾಣ್ತಿದ್ಯಾ, ಹಂಗಿದ್ರೆ ಒತ್ತಿದ್ದು ಸಾಕಾಗಿಲ್ಲ. ಚಮಚದ ಬೆನ್ನಲ್ಲಿ ಸವರಿದ್ರೆ ಸಾಲದು, ತಳ ಚಪ್ಪಟೆ ಇರೋ ಲೋಟಕ್ಕೆ ತುಪ್ಪ ಸವರ್ಕೊಂಡು ಮೈಭಾರ ಬಿಟ್ಟು ಒತ್ತಿ, ಮೂಲೆಗಳನ್ನ ಮರೀಬೇಡಿ, ಮೊದ್ಲು ಉದುರೋದು ಮೂಲೆಗಳೇ. ತೂತಿಲ್ಲ ಆದ್ರೆ ಓಟ್ಸ್ ಮೇಲೆ ಹೊಳಪೇ ಇಲ್ಲ, ಬಿಳಿ ಬಿಳಿಯಾಗಿ ಒಣಗಿದಂಗಿದೆ ಅಂದ್ರೆ ಪಾಕ ಎಲ್ಲಾ ಕಡೆ ತಾಗಿಲ್ಲ. ಅದಕ್ಕೆ ಓಟ್ಸಲ್ಲಿ ನಾಕನೇ ಒಂದು ಭಾಗ ಮಿಕ್ಸೀಲಿ ತರಿತರಿಯಾಗಿ ಒಂದೇ ಸುತ್ತು ತಿರುಗ್ಸಿ ಹಾಕಿ, ಆ ಪುಡಿ ಸಂದಿಗೆ ಕೂತು ಗಾರೆ ಥರ ಹಿಡ್ಕೊಳ್ಳತ್ತೆ. ಇಡೀ ಬಾದಾಮಿ, ದೊಡ್ಡ ದ್ರಾಕ್ಷಿ ಹಾಕಿದ್ರೂ ಅಲ್ಲೇ ಬಿರುಕು ಬಿಡತ್ತೆ, ಚೂರು ಮಾಡಿ ಹಾಕಿ.

ಮುರಿದ ಜಾಗ ಒದ್ದೆ ಅವಲಕ್ಕಿ ಥರ ಮೆತ್ತಗಿದ್ದು, ಹಿಸುಕಿದ್ರೆ ಉದುರತ್ತೆ ಅಂದ್ರೆ ಪಾಕದಲ್ಲಿ ನೀರು ಉಳ್ಕೊಂಡಿದೆ. ನನ್ನ ಟ್ರೇಗಳು ಕೆಡ್ತಿದ್ದಿದ್ದು ಇಲ್ಲೇ. ನಮ್ಮ ಕಡೆ ಬೆಲ್ಲದಲ್ಲಿ ಮಣ್ಣು, ಕಬ್ಬಿನ ಸಿಪ್ಪೆ ಇದ್ದೇ ಇರತ್ತೆ, ನೀರು ಹಾಕಿ ಕರಗ್ಸಿ ಸೋಸ್ದೆ ಬೇರೆ ದಾರಿ ಇಲ್ಲ, ಆದ್ರೆ ಸೋಸೋಕೆ ಹಾಕಿದ ನೀರನ್ನ ಮತ್ತೆ ಕುದಿಸಿ ಓಡ್ಸಬೇಕು ಅನ್ನೋದು ಬೇರೆ ದೇಶದ ರೆಸಿಪೀಲಿ ಇರಲ್ಲ, ಯಾಕಂದ್ರೆ ಅವ್ರು ನೀರೇ ಹಾಕಲ್ಲ.

ಇದಕ್ಕೆ ಎರಡು ಪರೀಕ್ಷೆ ಇದೆ. ಮೊದಲ್ನೇದು ತೂಕ. ಖಾಲಿ ಪಾತ್ರೆ ತೂಗಿ ಬರ್ಕೊಳಿ. 120 ಗ್ರಾಂ ಬೆಲ್ಲಕ್ಕೆ 60 ಎಂಎಲ್ ನೀರು ಹಾಕಿ ಕರಗ್ಸಿ ಸೋಸಿದ್ರೆ ಒಟ್ಟು ಸುಮಾರು 180 ಗ್ರಾಂ ಇರತ್ತೆ, ಅದನ್ನ ಕುದಿಸಿ 140 ಗ್ರಾಂಗೆ ಇಳ್ಸಿ, ಅಲ್ಲಿಗೆ ಎಳೆ ಪಾಕ ಬಂದಿರತ್ತೆ. ಪಾತ್ರೆ ಬಿಸಿ ಇರತ್ತೆ, ತಕ್ಕಡಿ ಮೇಲೆ ಒಂದು ಮರದ ಹಲಗೆ ಇಟ್ಟು ಅದನ್ನ ಸೊನ್ನೆ ಮಾಡ್ಕೊಂಡು ಪಾತ್ರೆ ಇಡಿ. ಎರಡ್ನೇದು ಅವ್ವನ ಪರೀಕ್ಷೆ, ತಕ್ಕಡಿ ಬೇಕಿಲ್ಲ. ಸೌಟಿಂದ ಒಂದು ತೊಟ್ಟು ತಟ್ಟೆಗೆ ಬಿಟ್ಕೊಂಡು ಊದಿ, ಬೆರಳು ನೀರಲ್ಲಿ ಅದ್ದಿ, ತೊಟ್ಟನ್ನ ಹೆಬ್ಬೆಟ್ಟು ತೋರುಬೆರಳ ನಡುವೆ ಹಿಡ್ದು ಮೆಲ್ಲಗೆ ಬಿಡಿಸ್ತಾಳೆ, ಒಂದು ಎಳೆ ಎದ್ದು ಎರಡು ಕ್ಷಣ ನಿಂತು ತುಂಡಾಗ್ಬೇಕು. ಎಳೆ ಏಳದೆ ಜಾರಿದ್ರೆ ಇನ್ನೂ ಎಳಸು. ತಟ್ಟೆಲಿರೋ ನೀರಿಗೆ ಬಿಟ್ರೆ ಉಂಡೆ ಕಟ್ಟತ್ತೆ ಅಂದ್ರೆ ಸ್ವಲ್ಪ ಮುಂದೆ ಹೋಗಿದೆ, ಓವನ್‌ನಲ್ಲಿ ಬೇಯ್ಸದೇ ಫ್ರಿಜ್ಜಲ್ಲಿ ಸೆಟ್ ಮಾಡೋ ಬಾರ್‌ಗಾದ್ರೆ ಅದೇ ಸರಿ, ಬೇಯ್ಸೋ ಬಾರ್‌ಗೆ ಬೇಡ, ಮಿಕ್ಕ ಕೆಲ್ಸ ಓವನ್ ಮಾಡತ್ತೆ.

ಥರ್ಮಾಮೀಟರ್ ಇಟ್ಕೊಂಡು ಮಾಡೋರಿಗೆ ಒಂದು ಮಾತು. ಪುಸ್ತಕದಲ್ಲಿರೋ ಡಿಗ್ರಿ ಎಲ್ಲಾ ಸಮುದ್ರ ಮಟ್ಟದ ಲೆಕ್ಕ, ಮೈಸೂರು ಸುಮಾರು 770 ಮೀಟರ್ ಎತ್ತರದಲ್ಲಿದೆ, ಇಲ್ಲಿ ನೀರು ಕುದಿಯೋದೇ 97 ಡಿಗ್ರಿ ಚಿಲ್ಲರೆಗೆ, ಹಂಗಾಗಿ ಪುಸ್ತಕದಲ್ಲಿ 110 ಅಂದ್ರೆ ನಾವು 107, 108ಕ್ಕೇ ಇಳ್ಸಬೇಕು. ಇದು ಗೊತ್ತಿಲ್ದೆ 110 ಬರ್ಲಿ ಅಂತ ಕಾಯೋರು ಮುಂದಿನ ತೊಂದ್ರೆಗೆ ಬೀಳ್ತಾರೆ. ನಿಮ್ಮ ಥರ್ಮಾಮೀಟರ್ ಸರಿ ಇದ್ಯಾ ಅಂತ ನೋಡೋಕೂ ಕುದಿಯೋ ನೀರಿಗೆ ಅದ್ದಿ, 97ರ ಆಸುಪಾಸು ತೋರಿಸ್ಬೇಕು.

ಮೊದಲ ದಿನ ಚೆನ್ನಾಗಿತ್ತು, ಮಾರ್ನೇ ದಿನ ಒಣಗಿ ಮರಳು ಮರಳಾಗಿ ಉದುರ್ತು ಅಂದ್ರೆ ಅದು ಬೇರೆ ಕಥೆ, ಪಾಕ ಸಕ್ಕರೆಗಟ್ಟಿದೆ. ಗೋಲ್ಡನ್ ಸಿರಪ್ ಸುಲಭವಾಗಿ ಹರಳುಗಟ್ಟಲ್ಲ, ಬೆಲ್ಲ ಗಟ್ಟತ್ತೆ, ಜೇನು ಹಾಕೋದು ಅದಕ್ಕೇ. ಜೇನು ಬೇಡ ಅನ್ನೋರು ಜೋನಿಬೆಲ್ಲ ಸೇರ್ಸಿ, ಇಲ್ಲಾ ಕುದಿಯೋ ಪಾಕಕ್ಕೆ ನಾಕು ಹನಿ ನಿಂಬೆರಸ ಬಿಡಿ. ಪಾಕ ಇಳ್ಸಿದ ಮೇಲೆ ಸೌಟು ಹಾಕಿ ತಿರುಗ್ಸ್ತಾ ಕೂರ್ಬೇಡಿ, ಹರಳು ಏಳೋದು ಅದ್ರಿಂದ್ಲೇ.

ಕಲ್ಲಿನಂಗೆ ಗಟ್ಟಿ, ಹಲ್ಲಿಗೆ ಅಂಟ್ಕೊಳ್ಳತ್ತೆ

ಪಾಕ ಮುಂದೆ ಹೋಗಿದೆ, ಇಲ್ಲಾ ಓವನ್‌ನಲ್ಲಿ ಜಾಸ್ತಿ ಹೊತ್ತು ಇತ್ತು. ಯಾವುದು ಅಂತ ಗುರ್ತು ಹಿಡಿಯೋದು ಸುಲಭ. ಬಾರಿನ ಬಣ್ಣ ತಿಳಿಯಾಗೇ ಇದೆ, ಆದ್ರೆ ಚಿಕ್ಕಿ ಥರ ಟಕ್ ಅಂತ ಮುರಿಯತ್ತೆ ಅಂದ್ರೆ ಪಾಕ. ಬಣ್ಣ ಕಾಫಿಪುಡಿ ಥರ ಆಗಿ ಅಂಚು ಕಹಿ ಹೊಡೀತಿದೆ ಅಂದ್ರೆ ಓವನ್ ಟೈಮು. ಪಾಕ ಮುಂದೆ ಹೋಗಿದ್ದು ಒಲೆ ಮೇಲೇ ಗೊತ್ತಾಯ್ತು ಅಂದ್ರೆ ಎರಡು ಚಮಚ ಬಿಸಿನೀರು ಸೇರ್ಸಿ ಮತ್ತೆ ಎಳೆಗೆ ತರಬಹುದು, ಮುಖ ದೂರ ಇಟ್ಕೊಂಡು ಪಾತ್ರೆ ಅಂಚಿಂದ ಮೆಲ್ಲಗೆ ಬಿಡಿ, ಬುಸ್ ಅಂತ ಏಳತ್ತೆ. ಬೆಂದು ಗಟ್ಟಿಯಾಗಿರೋ ಬಾರನ್ನ ಬಿಸಾಡೋ ಅಗತ್ಯ ಇಲ್ಲ, ಕುಟ್ಟಿ ಪುಡಿ ಮಾಡಿ ಮೊಸರಿಗೋ ಹಾಲಿಗೋ ಹಾಕ್ಕೊಂಡು ತಿನ್ನಿ.

ಇಲ್ಲಿ ಜೋಪಾನದ ಮಾತು ಹೇಳ್ಲೇಬೇಕು. ಬೆಲ್ಲದ ಪಾಕ ಕುದಿಯೋ ನೀರಿಗಿಂತ ಬಿಸಿ, ಅದ್ರ ಮೇಲೆ ಅಂಟ್ಕೊಳ್ಳತ್ತೆ, ನೀರಾದ್ರೆ ಹರ್ಕೊಂಡು ಹೋಗತ್ತೆ, ಇದು ಚರ್ಮದ ಮೇಲೇ ಕೂತು ಸುಡ್ತಾನೇ ಇರತ್ತೆ. ಪಾಕ ಒಲೆ ಮೇಲಿದ್ದಾಗ ಮಕ್ಕಳನ್ನ ಅಡುಗೆಮನೆಗೆ ಬಿಡ್ಬೇಡಿ. ಕೈಮೇಲೆ ಬಿದ್ರೆ ತಕ್ಷಣ ನಲ್ಲಿ ಕೆಳಗೆ ಹಿಡೀರಿ, ಹರಿಯೋ ತಣ್ಣೀರು, 20 ನಿಮಿಷ, ಉಂಗುರ ಬಳೆ ಊತ ಬರೋಕೆ ಮುಂಚೆ ತೆಗೀರಿ. ಅಂಟಿರೋ ಬೆಲ್ಲಾನ ಕೀಳ್ಬೇಡಿ, ನೀರಿಗೆ ತಾನೇ ಕರಗತ್ತೆ. ಟೂತ್‌ಪೇಸ್ಟು, ಬೆಣ್ಣೆ, ಇಂಕು, ಐಸು ಯಾವ್ದೂ ಬೇಡ, ಬೊಬ್ಬೆ ಬಂದ್ರೆ ಒಡೀಬೇಡಿ. ಸುಟ್ಟ ಜಾಗ ಅಂಗೈಗಿಂತ ದೊಡ್ಡದಿದ್ರೆ, ಮುಖಕ್ಕೋ ಬೆರಳ ಗೆಣ್ಣಿಗೋ ಆಗಿದ್ರೆ, ಚರ್ಮ ಬೆಳ್ಳಗೆ ಅಥ್ವಾ ಕಪ್ಪಾಗಿ ಕಂಡ್ರೆ, ಇಲ್ಲಾ ಮಕ್ಕಳಿಗೆ ಆಗಿದ್ರೆ ನೇರ ಆಸ್ಪತ್ರೆಗೆ ಹೋಗಿ, ಬಾರ್ ಕತೆ ಆಮೇಲೆ ನೋಡ್ಕೊಂಡ್ರಾಯ್ತು.

ಕೈಯೆಲ್ಲ ಜಿಡ್ಡು, ಟ್ರೇ ತಳದಲ್ಲಿ ತುಪ್ಪ ನಿಂತಿದೆ

ಬೆಣ್ಣೆ ಬದಲು ತುಪ್ಪ ಹಾಕಿದ್ರಾ, ಅದೂ ಬೆಣ್ಣೆಯಷ್ಟೇ ತೂಕ? ಬೆಣ್ಣೇಲಿ ಕೊಬ್ಬು ಇರೋದು 80 ಪರ್ಸೆಂಟು, ಮಿಕ್ಕಿದ್ದು ಬಹುಪಾಲು ನೀರು, ತುಪ್ಪ ಪೂರ್ತಿ ಕೊಬ್ಬೇ. 100 ಗ್ರಾಂ ಬೆಣ್ಣೆ ಜಾಗಕ್ಕೆ 80 ಗ್ರಾಂ ತುಪ್ಪ, ಜೊತೆಗೆ ಒಂದು ಟೇಬಲ್ ಚಮಚ ಹಾಲು ಹಾಕಿದ್ರೆ ಲೆಕ್ಕ ಸರಿಹೋಗತ್ತೆ. ಅಳತೆ ಸರಿ ಇದ್ದೂ ಜಿಡ್ಡು ಬಿಡ್ತಿದ್ರೆ ಪಾಕ ತುಪ್ಪ ಬೆರೆಯದೇ ಬೇರೆಬೇರೆ ನಿಂತಿರತ್ತೆ, ಪಾತ್ರೇಲಿ ಎರಡು ಪದರ ಕಾಣತ್ತೆ, ಓಟ್ಸ್ ಹಾಕೋಕೆ ಮುಂಚೆ ಒಂದ್ಸಲ ಚೆನ್ನಾಗಿ ಕಡೆದು ಬೆರೆಸ್ಕೊಳಿ. ಪ್ಯಾಕೆಟ್ ಬೆಣ್ಣೆ ಉಪ್ಪಿನದ್ದಾದ್ರೆ ಬೇರೆ ಉಪ್ಪು ಬೇಡ.

ಪೇಪರ್ ಕಿತ್ರೆ ಬರಲ್ಲ, ಟ್ರೇಗೆ ಅಂಟ್ಕೊಂಡಿದೆ

ಅಂಗಡೀಲಿ ಬಟರ್ ಪೇಪರ್ ಅಂತ ಕೇಳಿದ್ರೆ ಒಂದೇ ಹೆಸ್ರಲ್ಲಿ ಬೇರೆಬೇರೆ ಪೇಪರ್ ಕೊಡ್ತಾರೆ. ನಂಗೊಂದ್ಸಲ ಚಪಾತಿ ಸುತ್ತೋ ಪೇಪರ್ ಕೊಟ್ಟಿದ್ರು, ಓವನ್‌ಗೆ ಹೋಗಿ ಹದಿನೈದು ನಿಮಿಷಕ್ಕೆ ಹೊಗೆ ಶುರುವಾಯ್ತು, ಬಾರಿನ ತಳಕ್ಕೆ ಚರ್ಮದ ಥರ ಅಂಟ್ಕೊಂಡಿತ್ತು. ಉಗುರಲ್ಲಿ ಗೀರಿ ನೋಡಿ, ಮೇಣ ಬಿಳಿಯಾಗಿ ಎದ್ದು ಬಂದ್ರೆ ಅದು ಓವನ್‌ಗಲ್ಲ. ಪ್ಯಾಕೆಟ್ ಮೇಲೆ ಓವನ್‌ಗೆ ಎಷ್ಟು ಡಿಗ್ರಿವರ್ಗೂ ಅಂತ ಬರ್ದಿರೋ ಬೇಕಿಂಗ್ ಪೇಪರ್ರೇ ತಗೊಳಿ. ಸಿಗ್ಲಿಲ್ವಾ, ಟ್ರೇಗೆ ಗಟ್ಟಿ ತುಪ್ಪ ಸವರಿ ಓಟ್ಸ್ ಹಿಟ್ಟು ಉದುರ್ಸಿ. ಪೇಪರ್ ಅಂಚು ಮೇಲಕ್ಕೆ ಚಾಚ್ಕೊಂಡು ಓವನ್ ಕಾಯ್ಸೋ ರಾಡಿಗೆ ತಾಗೋ ಹಂಗೆ ಬಿಡ್ಬೇಡಿ, ಬೆಂಕಿ ಹತ್ಕೊಳ್ಳತ್ತೆ. ಈಗಾಗ್ಲೇ ಅಂಟಿರೋ ಟ್ರೇನ ಸಣ್ಣ ಉರಿ ಮೇಲೆ ಅರ್ಧ ನಿಮಿಷ ಆಡ್ಸಿ, ತಳದ ಬೆಲ್ಲ ಸಡಿಲ ಆಗತ್ತೆ, ಗಾಜಿನ ಟ್ರೇಗೆ ಮಾತ್ರ ಇದು ಮಾಡ್ಬೇಡಿ, ಸಿಡಿಯತ್ತೆ.

ಮೇಲೆ ಕಪ್ಪು ಒಳಗೆ ಹಸಿ, ಇಲ್ಲಾ ತಳ ಸೀದಿದೆ, ಇಲ್ಲಾ ಒಂದೇ ಮೂಲೆ ಸೀದಿದೆ

ಈಗ ಓವನ್ ಕಡೆ ತಿರುಗೋಣ, ಆದ್ರೆ ಇನ್ನೂ ರಿಪೇರಿ ಮಾತಿಲ್ಲ, ಇಡೋ ಜಾಗ ಮತ್ತೆ ನಾಬ್ ನೋಡೋಣ.

ಮೇಲೆ ಬೇಗ ಕಪ್ಪಾಗತ್ತೆ ಅಂದ್ರೆ ನಾಬ್ ಗ್ರಿಲ್ ಕಡೆ ಇದ್ಯಾ ನೋಡಿ, ಕೆಳಗಿನ ರಾಡ್ ಅಥ್ವಾ ಎರಡೂ ರಾಡ್ ಇರೋ ಚಿಹ್ನೆ ಬೇಕು. ಚಿಕ್ಕ ಓಟಿಜಿಲಿ ಟ್ರೇಗೂ ರಾಡಿಗೂ ನಾಕು ಬೆರಳು ಜಾಗ ಇರಲ್ಲ, ಒಂದು ಜಾಲರಿ ಕೆಳಗೆ ಇಳ್ಸಿ. ಕೊನೇ ಹತ್ತು ನಿಮಿಷ ಮೇಲೆ ಫಾಯಿಲ್ ಮುಚ್ಚಿದ್ರೂ ಆಗತ್ತೆ, ಫಾಯಿಲ್ ರಾಡ್ ಮುಟ್ಬಾರ್ದು. ತಳ ಸೀದ್ರೆ ಟ್ರೇ ತೆಳ್ಳಗೆ ಕಪ್ಪಗೆ ಇದ್ಯಾ ನೋಡಿ, ಕಪ್ಪು ಟ್ರೇ ಕಾವನ್ನ ಜಾಸ್ತಿ ಎಳ್ಕೊಳ್ಳತ್ತೆ, 10 ಡಿಗ್ರಿ ಕಮ್ಮಿ ಮಾಡಿ. ಓವನ್ ಇಲ್ದೆ ಬಾಣಲೇಲಿ ಉಪ್ಪು ಹಾಕಿ, ಅದ್ರ ಮೇಲೆ ಸ್ಟ್ಯಾಂಡಲ್ಲಿ ಟ್ರೇ ಇಟ್ಟು ಬೇಯ್ಸೋರಿಗೆ ತಳ ಸೀಯೋದೇ ದೊಡ್ಡ ತೊಂದ್ರೆ, ದಪ್ಪ ತಳದ ಬಾಣಲೆ, ತೀರ ಸಣ್ಣ ಉರಿ, ಸ್ಟ್ಯಾಂಡ್ ಎತ್ತರ ಇರ್ಲಿ.

ಒಂದೇ ಮೂಲೆ ಕಪ್ಪಾಗತ್ತೆ ಅಂದ್ರೆ ಬ್ರೆಡ್ ಟೆಸ್ಟ್ ಮಾಡಿ, ನಂಗೆ ತುಂಬಾ ಇಷ್ಟವಾದ ಟೆಸ್ಟ್ ಇದು. ಜಾಲರಿ ತುಂಬ ಬ್ರೆಡ್ ಸ್ಲೈಸ್ ಜೋಡ್ಸಿ, 180 ಡಿಗ್ರಿಗೆ ಬಣ್ಣ ಬರೋವರ್ಗೂ ಬಿಟ್ಟು ಜೋಡ್ಸಿದ ಕ್ರಮದಲ್ಲೇ ಈಚೆ ತೆಗ್ದು ಫೋಟೋ ತೆಕ್ಕೊಳಿ, ನಿಮ್ಮ ಓವನ್ ಎಲ್ಲಿ ಜಾಸ್ತಿ ಕಾಯತ್ತೆ ಅಂತ ನಕ್ಷೆನೇ ಸಿಗತ್ತೆ. ಸ್ವಲ್ಪ ವ್ಯತ್ಯಾಸ ಎಲ್ಲಾ ಓವನ್‌ಗೂ ಇರತ್ತೆ, ಅರ್ಧ ಟೈಮಿಗೆ ಟ್ರೇ ತಿರುಗ್ಸಿದ್ರೆ ಸಾಕು. ಒಂದು ಕಡೆ ಪೂರ್ತಿ ಬಿಳಿ, ಇನ್ನೊಂದ್ಕಡೆ ಇದ್ದಲು ಅಂದ್ರೆ ಒಂದು ರಾಡ್ ಹೋಗಿರ್ಬಹುದು.

ಮುಕ್ಕಾಲು ಗಂಟೆ ಆದ್ರೂ ಬಣ್ಣಾನೇ ಬರ್ತಿಲ್ಲ

ಪ್ರೀಹೀಟ್ ಮಾಡಿದ್ರಾ? ತಣ್ಣನೆ ಓವನ್‌ಗೆ ಇಟ್ರೆ ಬೆಣ್ಣೆ ಮೊದ್ಲು ಕರಗಿ ತಳಕ್ಕೆ ಇಳಿಯತ್ತೆ. ಹದಿನೈದು ನಿಮಿಷ ಕಾಯ್ಸಿ. ಐದೈದು ನಿಮಿಷಕ್ಕೆ ಬಾಗ್ಲು ತೆಗ್ದು ನೋಡೋದು ಬಿಡಿ, ಚಿಕ್ಕ ಓವನ್‌ನಲ್ಲಿ ಒಂದ್ಸಲ ತೆಗೆದ್ರೆ ಕಾವೆಲ್ಲ ಹೋಗತ್ತೆ.

ಆಮೇಲೆ ವೋಲ್ಟೇಜು. ಇದನ್ನ ಯಾರೂ ಯೋಚ್ನೆ ಮಾಡಲ್ಲ. ಮಂಡ್ಯ ಕಡೆ ನಮ್ಮೂರಲ್ಲಿ ಪಂಪ್‌ಸೆಟ್ ಎಲ್ಲಾ ಓಡೋ ಹೊತ್ತಲ್ಲಿ ಬಲ್ಬು ಕೆಂಪಗೆ ಉರಿಯತ್ತೆ, ಅವತ್ತು ಅದೇ ಅಳತೇಲಿ ಮಾಡಿದ ಬಾರು ಇಪ್ಪತ್ತೈದು ನಿಮಿಷಕ್ಕೆ ಬೆಳ್ಳಗೇ ಇತ್ತು. ರಾಡಿನ ಕಾವು ವೋಲ್ಟೇಜಿನ ವರ್ಗದ ಲೆಕ್ಕದಲ್ಲಿ ಇಳಿಯತ್ತೆ, 230 ಇರ್ಬೇಕಾದಲ್ಲಿ 190 ಬಂದ್ರೆ ಹೆಚ್ಚೂಕಮ್ಮಿ ಮೂರನೇ ಒಂದು ಭಾಗ ಕಾವು ಹೋಯ್ತು ಅಂತ ಲೆಕ್ಕ. ಫ್ಯಾನ್ ನಿಧಾನ, ಲೈಟ್ ಮಂಕು ಅಂದ್ರೆ ಅವತ್ತು ಬೇಡ, ಬೆಳಿಗ್ಗೆ ಹೊತ್ತು ಮಾಡಿ ನೋಡಿ.

ಕರೆಂಟ್ ಸರಿ ಇದ್ರೆ ಕತ್ತಲೆ ಮಾಡ್ಕೊಂಡು ಗಾಜಿನಿಂದ ರಾಡ್ ನೋಡಿ, ನಾಬ್ ಎರಡೂ ರಾಡಿಗೆ ಇಟ್ಟಾಗ ಎಲ್ಲವೂ ಕೆಂಪಗಾಗ್ಬೇಕು, ಒಂದು ಕಪ್ಪಾಗೇ ಉಳಿದ್ರೆ ಅದು ಸತ್ತಿದೆ, ಇಲ್ಲಾ ಅದ್ರ ವೈರ್ ಕಳಚಿದೆ. ಎಲ್ಲಾ ಕೆಂಪಗಾಗಿ ಆದ್ರೂ ಬೇಯ್ತಿಲ್ಲ ಅಂದ್ರೆ ಕಾವು ನೋಡ್ಕೊಂಡು ರಾಡನ್ನ ಆನ್ ಆಫ್ ಮಾಡೋ ಥರ್ಮೋಸ್ಟಾಟ್ ಬೇಗ ಕಟ್ ಮಾಡ್ತಿರ್ಬಹುದು. ಓವನ್ ಒಳಗಿಡೋ ಥರ್ಮಾಮೀಟರ್ ಇದ್ರೆ ನಡುವೆ ಇಟ್ಟು 20 ನಿಮಿಷ ಬಿಟ್ಟು ನೋಡಿ. ಇಲ್ದಿದ್ರೆ ಸಕ್ಕರೆ ಸಾಕು. ಸಕ್ಕರೆ ಕರಗೋದು ಸುಮಾರು 186 ಡಿಗ್ರಿಗೆ, ಚಿಕ್ಕ ಸ್ಟೀಲ್ ಬಟ್ಟಲಲ್ಲಿ ಅರ್ಧ ಚಮಚ ಸಕ್ಕರೆ ಇಟ್ಟು 175ಕ್ಕೆ ಹದಿನೈದು ನಿಮಿಷ ಬಿಡಿ, ಕರಗಬಾರ್ದು. ಆಮೇಲೆ 190ಕ್ಕೆ ತಿರುಗ್ಸಿ ಇನ್ನೊಂದು ಹದಿನೈದು ನಿಮಿಷ, ಕರಗ್ಬೇಕು. 175ಕ್ಕೇ ಕರಗಿದ್ರೆ ಓವನ್ ಜಾಸ್ತಿ ಕಾಯ್ತಿದೆ, 190ಕ್ಕೂ ಕಾಳುಕಾಳಾಗೇ ಇದ್ರೆ ಕಮ್ಮಿ ಕಾಯ್ತಿದೆ. ಎಷ್ಟು ವ್ಯತ್ಯಾಸ ಅಂತ ಗೊತ್ತಾದ್ರೆ ನಾಬನ್ನ ಅಷ್ಟು ಹೆಚ್ಚುಕಮ್ಮಿ ಇಟ್ಕೊಂಡು ವರ್ಷಗಟ್ಟಲೆ ನಡೆಸ್ಬಹುದು, 15, 20 ಡಿಗ್ರಿ ವ್ಯತ್ಯಾಸಕ್ಕೆ ಥರ್ಮೋಸ್ಟಾಟ್ ಬದಲಾಯ್ಸೋದು ದಂಡ.

ಇಲ್ಲಿಗೆ ಬಂದ್ರೆ ಕೈ ಹಾಕ್ಬೇಡಿ

ಓವನ್ ಮೈ ಮುಟ್ಟಿದಾಗ ಜುಂ ಅಂತು, ಪ್ಲಗ್ ಕೈಲಿ ಹಿಡಿಯಕ್ಕಾಗದಷ್ಟು ಬಿಸಿ, ಪ್ಲಾಸ್ಟಿಕ್ ಸುಟ್ಟ ವಾಸನೆ, ಒಳಗೆ ಕಿಡಿ, ಆನ್ ಮಾಡಿದ ತಕ್ಷಣ ಮೇನ್ ಟ್ರಿಪ್. ಇದ್ರಲ್ಲಿ ಯಾವ್ದಾದ್ರೂ ಒಂದು ಕಂಡ್ರೆ ಮೇನ್ ಸ್ವಿಚ್ಚಿಂದ ಆಫ್ ಮಾಡಿ, ಪ್ಲಗ್ ಕೀಳಿ, ಎಲೆಕ್ಟ್ರೀಷಿಯನ್ ಬರೋವರ್ಗೂ ಮತ್ತೆ ಹಾಕ್ಬೇಡಿ. ಆನ್ ಮಾಡಿದ ಕೂಡ್ಲೆ ಇಎಲ್‌ಸಿಬಿ, ಅಂದ್ರೆ ಕರೆಂಟ್ ಸೋರಿದ್ರೆ ತಾನೇ ಆಫ್ ಆಗೋ ಸ್ವಿಚ್ಚು, ಬಿತ್ತು ಅಂದ್ರೆ ಕರೆಂಟು ಅರ್ಥ್ ಕಡೆ ಸೋರ್ತಿದೆ ಅಂತ, ಅದು ನಿಮ್ಮ ಜೀವ ಉಳಿಸ್ತಿದೆ, ಅದನ್ನ ಬೈಪಾಸ್ ಮಾಡ್ಸೋ ಕೆಲ್ಸ ಯಾರೇ ಹೇಳಿದ್ರೂ ಮಾಡ್ಬೇಡಿ.

ನಮ್ಮನೇಲಿ ಒಂದ್ಸಲ ಕೆಳಗಿನ ರಾಡ್ ಬಿಟ್ಟುಬಿಟ್ಟು ಕಾಯ್ತಿತ್ತು. ಎಲೆಕ್ಟ್ರೀಷಿಯನ್ ಹಿಂದಿನ ತಗಡು ಬಿಚ್ಚಿ ತೋರ್ಸಿದ್ರು, ರಾಡಿನ ತುದಿಗೆ ಸಿಕ್ಕಿಸಿರೋ ಚಿಕ್ಕ ಕ್ಲಿಪ್ಪು ಸಡಿಲಾಗಿ ಕಪ್ಪಗೆ ಸುಟ್ಟು, ವೈರಿನ ಮೇಲಿನ ಕವರ್ ಎರಡು ಇಂಚು ಒಣಗಿ ಬಿರುಕು ಬಿಟ್ಟಿತ್ತು. "ಇನ್ನೊಂದ್ ವಾರ ಹಿಂಗೇ ಓಡ್ಸಿದ್ರೆ ಈ ವೈರು ತಗಡಿಗೆ ತಾಗ್ತಿತ್ತು ಮೇಡಮ್ಮೋರೆ" ಅಂದ್ರು. ಹೊಸ ಕ್ಲಿಪ್ಪು, ಕಾವು ತಡೆಯೋ ವೈರು, ಅಷ್ಟೇ ಕೆಲ್ಸ, ಆದ್ರೆ ಅದನ್ನ ನಾನು ಚಾಕು ತುದೀಲಿ ಬಿಚ್ಚೋಕೆ ಹೋಗಿದ್ರೆ ಏನಾಗ್ತಿತ್ತೋ.

ಸಾಕೆಟ್ ಕೂಡ ನೋಡಿ. 1500 ವಾಟ್ ಓಟಿಜಿ ಆರೂವರೆ ಆಂಪ್ ಎಳೆಯತ್ತೆ, ಮೊಬೈಲ್ ಚಾರ್ಜ್ ಮಾಡೋ ಚಿಕ್ಕ 6 ಆಂಪ್ ಸಾಕೆಟ್ಟಿಗೆ, ಎಕ್ಸ್‌ಟೆನ್ಷನ್ ಬೋರ್ಡಿಗೆ ಅದನ್ನ ಹಾಕಬಾರ್ದು, ಗೀಸರ್‌ಗೆ ಇರೋ ಥರದ 16 ಆಂಪ್ ಬೇಕು, ಅರ್ಥಿಂಗ್ ಸಮೇತ. ಮೈಕ್ರೋವೇವ್ ಓವನ್‌ನಲ್ಲಿ ಬಿಸಿಗಾಳಿಯ ಕನ್ವೆಕ್ಷನ್ ಮೋಡ್ ಹಾಕಿ ಮಾಡೋರು ಮೈಕ್ರೋ ಮೋಡಲ್ಲಿ ಲೋಹದ ಟ್ರೇ ಇಡ್ಬೇಡಿ, ಮತ್ತೆ ಅದ್ರ ಕವರ್ ಅಂತೂ ಬಿಚ್ಚಲೇಬೇಡಿ, ಪ್ಲಗ್ ಕಿತ್ತ ಮೇಲೂ ಒಳಗಿನ ಕೆಪಾಸಿಟರ್‌ನಲ್ಲಿ ಪ್ರಾಣ ತೆಗೆಯೋಷ್ಟು ಕರೆಂಟ್ ಉಳಿದಿರತ್ತೆ. ಓವನ್ ಒಳಗೆ ಪೇಪರ್ರೋ ಬಾರೋ ಹೊತ್ಕೊಂಡ್ರೆ ಬಾಗ್ಲು ತೆಗೀಬೇಡಿ, ಸ್ವಿಚ್ ಆಫ್ ಮಾಡಿ ಮುಚ್ಚಿಟ್ರೆ ಗಾಳಿ ಇಲ್ದೆ ಆರತ್ತೆ, ನೀರು ಹುಯ್ಯಬೇಡಿ.

ಎರಡ್ ದಿನಕ್ಕೆ ಮೆತ್ತಗಾಯ್ತು, ಬೂಷ್ಟು ಬಂತು

ಬೆಲ್ಲ ಗಾಳೀಲಿರೋ ತೇವ ಎಳ್ಕೊಳ್ಳತ್ತೆ, ಜೂನಿಂದ ಸೆಪ್ಟೆಂಬರ್‌ವರ್ಗೂ ಮಳೆ ಹಿಡ್ದಾಗ ಬೇಸಿಗೇಲಿ ಮಾಡಿದ ಅದೇ ಬಾರು ಅಂಟಂಟಾಗತ್ತೆ, ಅದು ನಿಮ್ಮ ತಪ್ಪಲ್ಲ. ಪೂರ್ತಿ ಆರೋಕೆ ಮುಂಚೆ ಡಬ್ಬಿಗೆ ಹಾಕಿದ್ರಾ ನೋಡಿ, ಮುಚ್ಚಳದ ಒಳಗೆ ಹನಿ ಕಂಡ್ರೆ ಅದೇ ಕಾರಣ. ಬರೀ ಮೆತ್ತಗಾಗಿದ್ರೆ 150 ಡಿಗ್ರಿಗೆ ಎಂಟ್ಹತ್ತು ನಿಮಿಷ ಇಟ್ಟು ಆರಿಸಿದ್ರೆ ಮತ್ತೆ ಸರಿಯಾಗತ್ತೆ.

ಬಾಳೆಹಣ್ಣು ಹಾಕಿದ ಬಾರು ಬೇರೆ ಜಾತಿ. ನಂಜನಗೂಡು ರಸಬಾಳೆ ಹಾಕಿ ಮಾಡಿದ್ರೆ ಆ ಪರಿಮಳಕ್ಕೆ ಮನೆಯೆಲ್ಲ ಅಡುಗೆಮನೆಗೆ ಬಂದ್ಬಿಡತ್ತೆ, ಆದ್ರೆ ಅದ್ರಲ್ಲಿ ನೀರಿನಂಶ ಜಾಸ್ತಿ, ಹೊರಗಿಟ್ರೆ ಒಂದೇ ದಿನದ ಮಾತು, ಫ್ರಿಜ್ಜಲ್ಲೇ ಇಡಿ. ಹಸಿ ತೆಂಗಿನಕಾಯಿ ತುರೀನೂ ಹಂಗೇ, ಒಣ ಕೊಬ್ಬರಿ ಆದ್ರೆ ತೊಂದ್ರೆ ಇಲ್ಲ. ಬೂಷ್ಟು ಒಂದು ಚುಕ್ಕೆ ಕಂಡ್ರೂ ಆ ತುಂಡು ಕಿತ್ತು ಮಿಕ್ಕಿದ್ದು ತಿನ್ನೋ ಹಂಗಿಲ್ಲ, ಓಟ್ಸ್ ಸಂದೀಲಿ ಕಣ್ಣಿಗೆ ಕಾಣ್ದೆ ಹರಡಿರತ್ತೆ, ಅಕ್ಕಪಕ್ಕದ ಬಾರೂ ಸೇರ್ಸಿ ಬಿಸಾಡಿ, ಡಬ್ಬೀನ ಬಿಸಿನೀರಲ್ಲಿ ತೊಳ್ದು ಬಿಸಿಲಿಗಿಡಿ. ಮನೇಲಿ ಚೆನ್ನಾಗಿ ಬರ್ತಿದೆ ಮಾರೋಣ ಅಂತಿರೋರು ಎಷ್ಟು ದಿನ ಇರತ್ತೆ ಅಂತ ಅಂದಾಜಲ್ಲಿ ಬರೀಬೇಡಿ, ಆಹಾರ ಸುರಕ್ಷತೆ ನೋಡ್ಕೊಳ್ಳೋ ಸರ್ಕಾರಿ ಸಂಸ್ಥೆ ಎಫ್‌ಎಸ್‌ಎಸ್‌ಎಐ ರಿಜಿಸ್ಟ್ರೇಷನ್ನೂ ಬೇಕು, ಟೆಸ್ಟೂ ಮಾಡ್ಸಬೇಕು, 1950ರಿಂದ ಸಿಎಫ್‌ಟಿಆರ್‌ಐ ಅನ್ನೋ ಆಹಾರ ಸಂಶೋಧನಾ ಸಂಸ್ಥೆ ನಮ್ಮ ಮೈಸೂರಲ್ಲೇ ಇದೆ, ಅಲ್ಲಿ ಕೇಳಿ.

ರುಚಿ ಕೆಟ್ಟಿದೆ

ಕಮಟು ವಾಸನೆ ಅಂದ್ರೆ ಓಟ್ಸೋ ಕಡ್ಲೆಬೀಜವೋ ಹಳೇದು. ಓಟ್ಸಲ್ಲಿ ಅಕ್ಕಿ ಗೋಧಿಗಿಂತ ಎಣ್ಣೆ ಅಂಶ ಜಾಸ್ತಿ, ತೆಗ್ದ ಪ್ಯಾಕೆಟ್ ಒಲೆ ಪಕ್ಕ ಇಟ್ರೆ ಬೇಗ ಕಮಟಾಗತ್ತೆ, ಹುರಿದ್ರೆ ಹೋಗಲ್ಲ, ಬೆಲ್ಲ ಹಾಕಿದ್ರೆ ಮುಚ್ಚಲ್ಲ. ಕಲ್ಸೋಕೆ ಮುಂಚೆ ನಾಕು ಕಾಳು ಬಾಯಿಗೆ ಹಾಕ್ಕೊಂಡು ನೋಡಿ. ಸೋಪಿನ ರುಚಿ ಬಂದ್ರೆ ಸೋಡ ಜಾಸ್ತಿ, ಈ ಬಾರ್‌ಗೆ ಸೋಡಾನೇ ಬೇಕಿಲ್ಲ. ಉಪ್ಪುಪ್ಪು, ಕಹಿಕಹಿ ಅಂದ್ರೆ ಬೆಲ್ಲ ನೋಡಿ, ಮಂಡ್ಯದ ಅಚ್ಚುಬೆಲ್ಲ ಅಂತಾನೇ ಎಲ್ಲಾ ಕಡೆ ಮಾರ್ತಾರೆ, ಹಳದಿ ಹೊಳೆಯೋದಕ್ಕಿಂತ ಕಂದು ಬಣ್ಣದ್ದು ತಗೊಳಿ, ಚೂರು ನಾಲಿಗೆ ಮೇಲಿಟ್ಟು ಉಪ್ಪು ಹತ್ತಿದ್ರೆ ಬಿಡಿ.

ಡಬ್ಬಿಗೆ ಹಾಕಿ ಕಳ್ಸೋಕೆ ಮುಂಚೆ

ಸ್ಕೂಲಲ್ಲಿ ಮಕ್ಕಳು ಹಂಚ್ಕೊಂಡು ತಿಂತಾರೆ, ಕಡ್ಲೆಬೀಜ ಗೋಡಂಬಿ ಅಲರ್ಜಿ ಇರೋ ಮಗು ಇದ್ದೇ ಇರ್ಬಹುದು, ಟೀಚರ್‌ಗೆ ಒಂದು ಮಾತು ಹೇಳಿ. ತಿಂದ ಮೇಲೆ ತುಟಿ ಊದ್ಕೊಂಡು ಉಸಿರು ಕಟ್ಟಿದ್ರೆ ಒಂದು ನಿಮಿಷಾನೂ ಕಾಯ್ದೆ 108ಕ್ಕೆ ಫೋನ್ ಮಾಡಿ. ಗೋಧಿಲಿರೋ ಗ್ಲುಟನ್ ಅನ್ನೋ ಪ್ರೋಟೀನ್ ಆಗ್ದೇ ಇರೋರಿಗೆ ಮಾಮೂಲಿ ಓಟ್ಸ್ ಕೊಡ್ಬೇಡಿ, ಗೋಧಿ ಜೊತೆ ಬೆರ್ತಿರತ್ತೆ, ಗ್ಲುಟನ್ ಇಲ್ಲ ಅಂತ ಬರ್ದಿರೋ ಪ್ಯಾಕೆಟ್ಟೇ ಬೇಕು. ಒಂದು ವರ್ಷದೊಳಗಿನ ಮಗೂಗೆ ಜೇನುತುಪ್ಪ ಕೊಡೋ ಹಂಗಿಲ್ಲ, ಬೇಯ್ಸಿದ್ರೂ ಬೇಡ. ಮತ್ತೆ ಸಕ್ಕರೆ ಕಾಯಿಲೆ ಇರೋರಿಗೆ ಬೆಲ್ಲ ಅಲ್ವಾ ಏನಾಗಲ್ಲ ಅಂತ ಎರಡು ಬಾರ್ ಕೊಡ್ಬೇಡಿ, ರಕ್ತಕ್ಕೆ ಬೆಲ್ಲಾನೂ ಸಕ್ಕರೇನೂ ಒಂದೇ. ನಮ್ಮ ಅವ್ವಂಗೆ ಶುಗರ್ ಇದೆ, ಪಾಕ ಹಿಡಿಯೋದು ಅವ್ಳೇ, ತಿನ್ನೋದು ಅಂಚಿನ ಒಂದು ಬೆರಳಗಲ.